ಅಲ್ಲಿ ಯಾರ ಮಕ್ಕಳೂ ಇರಬಾರದು

ಹೊಸ ಫ್ಲೆಕ್ಸ್ ಬ್ಯಾನರಿಗೆ ಒಂದು ವಾಸನೆಯಿದೆ. ಸೀಮೆಎಣ್ಣೆಯದೂ ಅಲ್ಲ, ಸುಟ್ಟ ಪ್ಲಾಸ್ಟಿಕ್ಕಿನದೂ ಅಲ್ಲ, ಎರಡೂ ಸೇರಿದಂಥದ್ದು. ಮೂಗಿಗೆ ಬಡಿದರೆ ಗಂಟಲಲ್ಲೂ ಸ್ವಲ್ಪ ಹೊತ್ತು ಉಳಿಯುತ್ತದೆ. ನಾನು ಕೆಲಸ ಮಾಡುವ ಕನ್ನಡಕದ ಅಂಗಡಿ ಮಾನಂದವಾಡಿಯ ಬಸ್ ಸ್ಟ್ಯಾಂಡಿನ ಹತ್ತಿರ ಇದೆ. ಮೊನ್ನೆ ಮಧ್ಯಾಹ್ನ ಅಂಗಡಿಯ ಮುಂದೆಯೇ ಇಬ್ಬರು ಅಂಥದ್ದೊಂದು ಬ್ಯಾನರಿನ ಸುರುಳಿಯನ್ನು ನೆಲಕ್ಕೆ ಹಾಕಿ ಬಿಚ್ಚಿದರು. ಗಡಿಯಲ್ಲಿ ಮತ್ತೆ ಗುಂಡು ಹಾರತೊಡಗಿದೆ. ಎದುರಿನ ಬೇಕರಿಯ ಟೀವಿಯಲ್ಲಿ ಬೆಳಗಿನಿಂದ ಯಾರೋ ಕಿರುಚುತ್ತಲೇ ಇದ್ದರು. ಬ್ಯಾನರಿನ ಮೇಲೆ ಯಾವುದೋ ಊರಿನ ಯಾರದೋ ಮುಖ. ನಾನು ಸರಿಯಾಗಿ ನೋಡಲಿಲ್ಲ. ವಾಸನೆ ಬಂತು, ಕೈಯಲ್ಲಿದ್ದ ಕನ್ನಡಕವನ್ನು ಕೆಳಗಿಟ್ಟು ಒಳಗೆ ಹೋಗಿ ಕುಳಿತುಬಿಟ್ಟೆ.

ಅತ್ತೆಯ ಮುಖವನ್ನೂ ಹೀಗೆಯೇ ನೆಲದ ಮೇಲೆ ಬಿಚ್ಚಿದ್ದರು...

ಸಂಬಂಧದಲ್ಲಿ ಅವರು ನನಗೆ ಏನೂ ಆಗಬೇಕಾಗಿರಲಿಲ್ಲ. ಮುಳ್ಳನ್‌ಕೊಲ್ಲಿಯಲ್ಲಿ ನಮ್ಮ ಪಕ್ಕದ ಮನೆಯವರು. ಎರಡು ಮನೆಗಳ ನಡುವೆ ಒಂದು ದಾಸವಾಳದ ಬೇಲಿ. ನಮ್ಮ ತಾತ, ಅವರ ಮಾವ ಇಬ್ಬರೂ ಕರಿಮೆಣಸು ಬೆಳೆಯಲೆಂದು ಕೋಟೆ ತಾಲ್ಲೂಕಿನ ಕಡೆಯಿಂದ ಕಬಿನಿ ಹೊಳೆ ದಾಟಿ ಬಂದವರು. ಹಾಗಾಗಿ ಮನೆಯೊಳಗೆ ಕನ್ನಡ, ಬೇಲಿಯಾಚೆ ಮಲಯಾಳ. ಅತ್ತೆ ಮದುವೆಯಾಗಿ ಬಂದದ್ದೂ ಆಚೆ ದಡದ ಬೈರಕುಪ್ಪೆಯಿಂದ. ಸಂತೆಗೆ, ಆಸ್ಪತ್ರೆಗೆ ಬೇಕಾಗುವಷ್ಟು ಮಲಯಾಳ ಅವರ ನಾಲಿಗೆಗೆ ಹತ್ತಿತ್ತು. ಓದಲು ಬರುತ್ತಿರಲಿಲ್ಲ. ಸಿಟ್ಟು ಬಂದಾಗ, ಅಳು ಬಂದಾಗ ಆ ಅಷ್ಟೂ ಮಲಯಾಳ ಎಲ್ಲಿಗೋ ಹೋಗಿ ಬರೀ ನಮ್ಮ ಮಾತೇ ಉಳಿಯುತ್ತಿತ್ತು.

ಒಳ್ಳೆಯವರು ಅಂತ ಸುಲಭವಾಗಿ ಹೇಳುವ ಹಾಗಿರಲಿಲ್ಲ. ನಮ್ಮ ಕೋಳಿ ಅವರ ಅಂಗಳದ ಮೆಣಸು ಕೆದರಿದರೆ ಬೈಗುಳ ನಮ್ಮ ಅಮ್ಮನ ತವರಿನವರೆಗೂ ಮುಟ್ಟುತ್ತಿತ್ತು. ಆಮೇಲೆ ಕೆಲವು ವಾರ ಎರಡು ಮನೆಗೂ ಮಾತಿಲ್ಲ. ಮತ್ತೊಂದು ದಿನ ಬೆಳಗ್ಗೆ ಎದ್ದು ನೋಡಿದರೆ ನಮ್ಮ ಹಿತ್ತಲ ಕಲ್ಲಿನ ಮೇಲೆ ಅರ್ಧ ಹಲಸಿನ ಹಣ್ಣು ಕೂತಿರುತ್ತಿತ್ತು. ತಪ್ಪಾಯಿತು ಅನ್ನುವ ಮಾತನ್ನು ಅವರು ಯಾರಿಗೂ ಹೇಳಿದ್ದು ನಾನು ಕೇಳಿಲ್ಲ. ಗಂಡ ಬೇಗ ತೀರಿಕೊಂಡಿದ್ದರು. ಇದ್ದ ಒಬ್ಬನೇ ಮಗ ಪಟ್ಟಾಳಕ್ಕೆ ಸೇರಿದ್ದ. ಸೈನ್ಯಕ್ಕೆ ನಮ್ಮ ಕಡೆ ಪಟ್ಟಾಳ ಅಂತಲೇ ಹೇಳುವುದು. ನಾನು ಅವನನ್ನು ಪಟ್ಟಾಳದಣ್ಣ ಅನ್ನುತ್ತಿದ್ದೆ.

ಒಂದು ರಜೆಯಲ್ಲಿ ಅವನು ಟೀವಿ ತಂದು, ಮಾಡಿನ ಮೇಲೆ ಡಿಶ್ ಕೂರಿಸಿಕೊಟ್ಟು ಹೋದ. ಅಲ್ಲಿಂದ ಅತ್ತೆಗೆ ವಾರ್ತೆಯ ಹುಚ್ಚು ಹಿಡಿಯಿತು. ಬೇರೆ ಹೆಂಗಸರು ಸೀರಿಯಲ್ ನೋಡುವ ಹೊತ್ತಿನಲ್ಲಿ ಇವರದು ವಾರ್ತೆ. ಮಲಯಾಳದ ವಾರ್ತೆ, ಕನ್ನಡದ ವಾರ್ತೆ, ಒಂದಕ್ಷರ ಅರ್ಥವಾಗದಿದ್ದರೂ ಹಿಂದಿಯ ವಾರ್ತೆ. ಮಗ ಇರುವ ಬೆಟ್ಟ ಎಂದಾದರೂ ಕಾಣಿಸೀತು ಎನ್ನುವ ಆಸೆಯಿಂದ ಶುರುವಾದದ್ದು ಬರಬರುತ್ತಾ ಅಭ್ಯಾಸವಾಯಿತು. ಊರಿನ ಯಾವ ಜಗಳದಲ್ಲೂ ಅವರ ಕೊನೆಯ ಮಾತು ಒಂದೇ, ಟೀವಿಯಲ್ಲಿ ತೋರಿಸಿದರು ಅನ್ನುವುದು. ಅದರ ಮೇಲೆ ಯಾರೂ ಮಾತಾಡುವ ಹಾಗಿಲ್ಲ. ಎಲ್ಲೋ ಮಕ್ಕಳ ಕಳ್ಳರು ತಿರುಗುತ್ತಿದ್ದಾರೆಂದು ಟೀವಿ ಹೇಳಿದಾಗ, ಗಂಟು ಹೊತ್ತು ಸೀರೆ ಮಾರಲು ಬಂದ ಒಬ್ಬ ಮುದುಕನನ್ನು ಕತ್ತಿ ಹಿಡಿದು ಅಂಗಳದಿಂದ ಅಟ್ಟಿದ್ದರು. ಪಾಪ, ಅವನು ಗಂಟನ್ನೂ ಬಿಟ್ಟು ಓಡಿದ. ಅದೆಲ್ಲ ಸುಳ್ಳು ಅಂತ ಆಮೇಲೆ ಗೊತ್ತಾಯಿತು. ಅಮ್ಮ ಅದನ್ನು ಹೇಳಿದಾಗಲೂ ಅತ್ತೆ ಒಪ್ಪಲಿಲ್ಲ. ಸುಳ್ಳಾಗಿದ್ದರೆ ಅವರಿಗೆ ತೋರಿಸಲು ಹುಚ್ಚೇ ಅಂದರು.

ಅಣ್ಣ ಫೋನಿನಲ್ಲಿ ಗಡಿಯ ವಿಷಯ ಹೆಚ್ಚು ಎತ್ತುತ್ತಿರಲಿಲ್ಲ. ಒಮ್ಮೆ ಮಾತ್ರ, ತನ್ನ ಅಮ್ಮನನ್ನು ನಗಿಸಲೆಂದು ಒಂದು ಸಂಗತಿ ಹೇಳಿದ್ದ. ಇವರ ಕಾವಲು ಗೂಡಿನ ಎದುರಿಗೇ, ಕೂಗಿದರೆ ಕೇಳುವಷ್ಟು ದೂರದಲ್ಲಿ, ಆಚೆಯವರ ಗೂಡು ಇದೆಯಂತೆ. ಅಲ್ಲಿ ಒಬ್ಬ ಚಳಿಗೆ ಕೆಮ್ಮುತ್ತಲೇ ಇರುತ್ತಾನಂತೆ. ಮುಖ ನೋಡಿಲ್ಲ, ಹೆಸರು ಗೊತ್ತಿಲ್ಲ, ಕೆಮ್ಮಿನ ಗುರುತು ಮಾತ್ರ. ಅತ್ತೆ ನಗಲಿಲ್ಲ. ಅವತ್ತಿನಿಂದ ಪ್ರತಿ ಫೋನಿನಲ್ಲೂ ಮಗ ಉಂಡನೇ, ಮಲಗಿದನೇ ಎಂದು ಕೇಳಿದ ಮೇಲೆ ಆ ಕೆಮ್ಮುವವನನ್ನೂ ವಿಚಾರಿಸಿಕೊಳ್ಳುತ್ತಿದ್ದರು.

"ಒಂದಿಷ್ಟು ಮೆಣಸಿನ ಕಷಾಯ ಕಾಸಿಕೊಡೋರು ಯಾರೂ ಇಲ್ವಂತಾ ಅವನಿಗೆ?"

ಹಾಗಂತ ಆಚೆ ದೇಶವನ್ನು ಟೀವಿ ಬೈಯುವಾಗ ಇವರೂ ಮುಂದೆ ಕೂತು ಬೈಯುತ್ತಿದ್ದರು. ಆ ಕೆಮ್ಮುವವನು ಆ ದೇಶದವನೇ ಎನ್ನುವುದು ಅವರ ತಲೆಗೆ ಹೊಳೆದಿರಲಿಲ್ಲವೋ, ಹೊಳೆದರೂ ಅದು ಬೇರೆ ಲೆಕ್ಕವೋ... ಈಗ ಕೇಳಲು ಆಗುವುದಿಲ್ಲ.

ಆ ವರ್ಷ ಮೆಣಸು ಕೊಯ್ಯುವ ಹೊತ್ತಿಗೆ ಗಡಿಯಲ್ಲಿ ಕಾಳಗ ಶುರುವಾಯಿತು. ಟೀವಿಯವರು ಸ್ಟುಡಿಯೋದ ನೆಲದ ಮೇಲೆ ಬೆಟ್ಟ, ನದಿ, ಟ್ಯಾಂಕುಗಳನ್ನೆಲ್ಲ ಬಿಡಿಸಿಕೊಂಡು ಅವುಗಳ ಮೇಲೆ ಬೂಟು ಹಾಕಿ ಓಡಾಡಿದರು. ಹಿಂದಿನಿಂದ ನಗಾರಿ ಬಡಿಯುವ ಸಂಗೀತ. ಪರದೆಯ ಒಂದು ಮೂಲೆಯಲ್ಲಿ, ಕ್ರಿಕೆಟ್ ಸ್ಕೋರಿನ ಹಾಗೆ, ಎರಡೂ ಕಡೆ ಸತ್ತವರ ಸಂಖ್ಯೆ. ಆಚೆಯವರದು ಹೆಚ್ಚಾದಾಗ ಸ್ಟುಡಿಯೋದಲ್ಲಿ ಚಪ್ಪಾಳೆ. ಅತ್ತೆ ನಮ್ಮ ಕಡೆಯ ಸಂಖ್ಯೆಯನ್ನು ಮಾತ್ರ ನೋಡುತ್ತಿದ್ದರು. ಅದು ಬದಲಾದಾಗಲೆಲ್ಲ ಎದ್ದು ಒಳಗೆ ಹೋಗಿ ನೀರು ಕುಡಿದು ಬಂದು ಮತ್ತೆ ಅಲ್ಲೇ ಕೂರುತ್ತಿದ್ದರು. ಅಣ್ಣನ ಫೋನು ಬರುವುದು ನಿಂತಿತ್ತು.

ಸುದ್ದಿಯನ್ನು ಹೊತ್ತು ಮೊದಲು ಬಂದದ್ದು ಪಟ್ಟಾಳದವರಲ್ಲ, ಚಾನೆಲ್ಲಿನ ಗಾಡಿ. ತಲೆಯ ಮೇಲೆ ಬುಟ್ಟಿಯಂಥ ಡಿಶ್ ಹೊತ್ತ ವ್ಯಾನು ನಮ್ಮ ಓಣಿಯ ಬಾಯಲ್ಲಿ ನಿಂತಿತು. ಅತ್ತೆ ಏಣಿ ಹತ್ತಿ ಮೆಣಸು ಕೊಯ್ಯುತ್ತಿದ್ದರು. ಕೆಳಗೆ ಏಣಿ ಹಿಡಿದುಕೊಂಡು ನಿಂತವಳು ನಾನು. ವ್ಯಾನಿನಿಂದ ಇಳಿದ ವರದಿಗಾರನಿಗೆ ಹೆಚ್ಚೂಕಡಿಮೆ ಅಣ್ಣನದೇ ವಯಸ್ಸು. ಮಲಯಾಳದಲ್ಲಿ, ತುಂಬ ಮರ್ಯಾದೆಯಿಂದ, ಇಲ್ಲಿ ಪಟ್ಟಾಳದವರ ಮನೆ ಯಾವುದು ಚೇಚಿ, ಅಂದರೆ ಅಕ್ಕಾ, ಎಂದು ಕೇಳಿದ. ಅತ್ತೆ ಮೇಲಿನಿಂದಲೇ, ನಮ್ಮದೇ, ಯಾಕೆ ಅಂದರು. ಅವನು ತಿರುಗಿ ಕ್ಯಾಮೆರಾದವನಿಗೆ ತಲೆಯಾಡಿಸಿದ. ಕ್ಯಾಮೆರಾದ ಮೇಲೆ ಒಂದು ಸಣ್ಣ ಕೆಂಪು ದೀಪ ಹತ್ತಿತು. ಅದು ಹತ್ತಿದ ಮೇಲೆ ಕೇಳಿದ: ಮಗ ವೀರಮರಣ ಹೊಂದಿದ್ದಾರೆ, ತಾಯಿಯಾಗಿ ಈ ಕ್ಷಣ ನಿಮಗೆ ಏನನ್ನಿಸುತ್ತಿದೆ?

ಅತ್ತೆ ಏಣಿಯಿಂದ ಬೀಳಲಿಲ್ಲ. ಒಂದೊಂದೇ ಮೆಟ್ಟಿಲು ಹುಡುಕಿ ಹುಡುಕಿ ಕಾಲಿಟ್ಟು ಇಳಿದರು. ಸೊಂಟಕ್ಕೆ ಕಟ್ಟಿದ್ದ ಚೀಲ ಓರೆಯಾಗಿ ಹಸಿ ಮೆಣಸಿನ ಕಾಳು ನನ್ನ ತಲೆಯ ಮೇಲೆ, ಹೆಗಲ ಮೇಲೆ ಉದುರುತ್ತಲೇ ಇತ್ತು. ಕೆಳಗೆ ಬಂದವರು ನನ್ನ ಕಡೆ ತಿರುಗಿ, ಇವನೇನೋ ಹೇಳ್ತಾವ್ನಲ್ಲ ಕೂಸೇ, ಏನಂತೆ ಅಂದರು. ಅವರಿಗೆ ಅರ್ಥವಾಗಿತ್ತು. ಆದರೂ ಕೇಳಿದರು... ಏಣಿ ಇಳಿಯುವ ಆ ದೃಶ್ಯವನ್ನು ದಿನವಿಡೀ ತೋರಿಸಿದರು. ಇಳಿಯುವುದನ್ನು ಇನ್ನಷ್ಟು ನಿಧಾನ ಮಾಡಿ, ಹಿಂದೆ ಕೊಳಲು ಸೇರಿಸಿದ್ದರು. ನಮ್ಮಲ್ಲೇ ಮೊದಲು ಎಂದು ಮೇಲೆ ಬರೆದುಕೊಂಡಿದ್ದರು. ತಾಯಿಗಿಂತ ಮೊದಲು ತಮಗೆ ಗೊತ್ತಿತ್ತು ಎನ್ನುವುದು ಅವರ ಹೆಮ್ಮೆಯಾಗಿತ್ತು.

ಪೆಟ್ಟಿಗೆ ಬಂತು. ತೆರೆಯುವುದು ಬೇಡ ಅಂದರು ಜೊತೆಗೆ ಬಂದ ಪಟ್ಟಾಳದವರು, ತೆರೆಯಲಿಲ್ಲ. ಎಲ್ಲವನ್ನೂ ಮುಂದೆ ನಿಂತು ನಡೆಸಿದವರು ಮೆಣಸಿನ ಸಾಹುಕಾರರು. ನಮ್ಮ ಹಾಗೆಯೇ ಆಚೆ ದಡದಿಂದ ಬಂದ ಮನೆತನ. ಊರಿನ ಅರ್ಧಕ್ಕರ್ಧ ಮೆಣಸು ಅವರ ಗೋದಾಮಿಗೇ ಹೋಗುತ್ತಿತ್ತು. ಆ ವರ್ಷ ಪಂಚಾಯತಿ ಚುನಾವಣೆಗೆ ನಿಲ್ಲುವ ತಯಾರಿಯಲ್ಲಿದ್ದರು. ಕನ್ನಡ, ಮಲಯಾಳ, ಹಿಂದಿ ಮೂರೂ ನೀರಿನ ಹಾಗೆ ಬರುತ್ತಿದ್ದವು. ಜನಕ್ಕೆ ನೀರು, ಮಜ್ಜಿಗೆ, ನೆರಳಿಗೆ ಶಾಮಿಯಾನ, ಕ್ಯಾಮೆರಾಗಳಿಗೆ ನಿಲ್ಲಲು ಒಂದು ಅಟ್ಟಣಿಗೆ, ಎಲ್ಲ ಅವರದೇ ವ್ಯವಸ್ಥೆ.

ಚಿತೆಗೆ ಬೆಂಕಿ ಇಟ್ಟಾದ ಮೇಲೆ ಮೈಕುಗಳೆಲ್ಲ ಅತ್ತೆಯ ಬಾಯಿಯ ಹತ್ತಿರ ಬಂದವು. ನಾನು ಅವರ ತೋಳು ಹಿಡಿದುಕೊಂಡಿದ್ದೆ. ಅದೇ ವರದಿಗಾರ ಕೇಳಿದ, ಆಚೆಯವರಿಗೆ ಏನು ಹೇಳುತ್ತೀರಿ ಅಂತ. ಅತ್ತೆಯ ಮಲಯಾಳ ಅಷ್ಟು ಹೊತ್ತಿಗೆ ಒಣಗಿಹೋಗಿತ್ತು. ಹೊಗೆಯ ಕಡೆ ನೋಡುತ್ತಾ ನಮ್ಮ ಮಾತಿನಲ್ಲಿ ಹೇಳಿದರು.

"ಅಲ್ಲಿ ಯಾರ ಮಕ್ಳೂ ಇರ್ಬಾರ್ದು ಕಣಪ್ಪ. ನಮ್ಮವೂ ಬ್ಯಾಡ, ಅವ್ರವೂ ಬ್ಯಾಡ. ಆ ಕೆಮ್ಮೋ ಮಗೀನೂ ಅವ್ರಮ್ಮನ ತಾವ್ಕೆ ಹೋಗ್ಲಿ."

ಅಲ್ಲಿ ಅಂದರೆ ಆ ಬೆಟ್ಟದ ಮೇಲೆ, ಆ ಗೂಡುಗಳಲ್ಲಿ, ಆ ಚಳಿಯಲ್ಲಿ. ಯಾರ ಮಕ್ಕಳೂ ಅಂದರೆ ಯಾರ ಮಕ್ಕಳೂ. ನನಗೆ ಅದರಲ್ಲಿ ಅನುಮಾನ ಪಡುವಂಥದ್ದು ಏನೂ ಕೇಳಿಸಲಿಲ್ಲ. ವರದಿಗಾರ ಸಾಹುಕಾರರ ಕಡೆ ತಿರುಗಿ, ಏನು ಹೇಳಿದರು ಎಂದು ಕೇಳಿದ. ಸಾಹುಕಾರರು ಒಂದು ಗಳಿಗೆ ತಡೆದರು. ಆ ತಡೆದದ್ದನ್ನು ನಾನು ನೋಡಿದೆ. ಆಮೇಲೆ ಎದೆಯುಬ್ಬಿಸಿ ಮಲಯಾಳದಲ್ಲಿ ಹೇಳಿದರು: ಆಚೆಯ ನೆಲದಲ್ಲಿ ಒಬ್ಬರ ಮಕ್ಕಳೂ ಉಳಿಯಕೂಡದು ಅನ್ನುತ್ತಿದ್ದಾಳೆ ಈ ತಾಯಿ. ಅದನ್ನೇ ಹಿಂದಿಯಲ್ಲೂ ಹೇಳಿದರು. ಜೈಕಾರ ಎದ್ದಿತು. ಹಾಗಲ್ಲ, ಅವರು ಹೇಳಿದ್ದು ಹಾಗಲ್ಲ ಎಂದು ನಾನು ಕೂಗಿದೆ. ನನ್ನ ಧ್ವನಿ ನನಗೇ ಕೇಳಿಸಲಿಲ್ಲ.

ಸಂಜೆಯ ಹೊತ್ತಿಗೆ ದೇಶಕ್ಕೆಲ್ಲ ಅತ್ತೆಯ ಪರಿಚಯವಾಗಿತ್ತು. ಎಲ್ಲ ಚಾನೆಲ್ಲಿನಲ್ಲೂ ಅದೇ ಮುಖ, ಅದೇ ಮಾತು. ಕಣಪ್ಪ ಅನ್ನುವಲ್ಲಿಗೆ ಕತ್ತರಿಸಿದ್ದರು. ಕೆಳಗೆ ಕೆಂಪು ಅಕ್ಷರದಲ್ಲಿ ಸಾಹುಕಾರರ ಮಾತು. ಅತ್ತೆಯ ಮಾತಿಗೆ ಒಂದು ಪದವನ್ನೂ ಸೇರಿಸಿರಲಿಲ್ಲ. ಮುಂದಿನದನ್ನು ಬಿಟ್ಟಿದ್ದರು, ಅಷ್ಟೇ. ಸ್ಟುಡಿಯೋದಲ್ಲಿ ಕೂತ ಒಬ್ಬರು ಕಣ್ಣೊರೆಸಿಕೊಂಡು, ಇಂಥ ತಾಯಂದಿರು ಇರುವವರೆಗೆ ಮಾತುಕತೆಯ ಪ್ರಶ್ನೆಯೇ ಇಲ್ಲ ಅಂದರು. ಮಾತುಕತೆ ಬೇಕು ಎನ್ನುತ್ತಿದ್ದ ಇನ್ನೊಬ್ಬರನ್ನು, ಆ ತಾಯಿಯ ಮುಂದೆ ನಿಂತು ಹೇಳಿ ನೋಡೋಣ ಎಂದು ಬಾಯಿ ಮುಚ್ಚಿಸಿದರು.

ಮಾರನೆಯ ಬೆಳಗ್ಗೆ ಸಾಹುಕಾರರ ಆಳುಗಳು ಅತ್ತೆಯ ಅಂಗಳದಲ್ಲೇ ಆ ಫ್ಲೆಕ್ಸ್ ಬಿಚ್ಚಿದರು. ಮನೆಯ ಬಾಗಿಲಿಗಿಂತ ದೊಡ್ಡ ಮುಖ. ಕಣ್ಣಿನ ಹತ್ತಿರ ಕಂಪ್ಯೂಟರಿನಲ್ಲಿ ಏನೋ ಮಾಡಿ ಇನ್ನಷ್ಟು ಕೆಂಪಾಗಿಸಿದ್ದರು. ಅಂಗಳವಿಡೀ ಆ ವಾಸನೆ. ಅತ್ತೆ ಹೊರಗೆ ಬಂದು ತಮ್ಮ ಮುಖದ ಸುತ್ತ ಒಂದು ಸುತ್ತು ನಡೆದು, ಕೆಳಗೆ ಏನು ಬರೆದಿದ್ದಾರೆ ಓದು ಅಂದರು. ಓದಿ, ಕನ್ನಡದಲ್ಲಿ ಬಿಡಿಸಿ ಹೇಳಿದೆ. ಅತ್ತೆ ಬಗ್ಗಿ ಆ ಅಕ್ಷರಗಳ ಮೇಲೆ ಬೆರಳಾಡಿಸಿದರು.

"ಮಾತು ನಂದೇಯ. ಆದ್ರೆ ನಾನು ಹೇಳಿದ್ದಲ್ಲ ಇದು."

ಅವರಿಗೆ ಸಿಟ್ಟು ಬಂದಿರಲಿಲ್ಲ, ಅದೇ ನನಗೆ ಆಶ್ಚರ್ಯ. ಟೀವಿಯವರಿಗೆ ನಮ್ಮ ಕನ್ನಡ ಗೊತ್ತಿಲ್ಲ, ತಪ್ಪು ತಿಳಿದಿದ್ದಾರೆ, ಫೋನು ಮಾಡಿ ಹೇಳಿದರೆ ಸರಿಮಾಡುತ್ತಾರೆ ಎಂದು ನನ್ನನ್ನೇ ಸಮಾಧಾನ ಮಾಡಿದರು. ಟೀವಿಯ ಮೇಲೆ ಅಷ್ಟು ನಂಬಿಕೆ. ವರದಿಗಾರ ಕೊಟ್ಟುಹೋಗಿದ್ದ ನಂಬರಿಗೆ ಮಾಡಿದೆ. ಅವನು ಪೂರ್ತಿ ಕೇಳಿಸಿಕೊಂಡ. ಒರಟಾಗಿ ಮಾತಾಡಲಿಲ್ಲ. ಪದಗಳು ಅವೇ ಅಲ್ಲವೇ, ನಾವೇನಾದರೂ ಸೇರಿಸಿದ್ದೇವೆಯೇ ಎಂದು ಕೇಳಿದ. ಅಮ್ಮ ಏನಾದರೂ ಊಟ ಮಾಡಿದರೇ ಎಂದೂ ಕೇಳಿದ.

ಜನ ಬರತೊಡಗಿದರು. ಪುಲ್ಪಳ್ಳಿಯಿಂದ, ಕಲ್ಪೆಟ್ಟದಿಂದ, ಕಬಿನಿಯ ಆಚೆಯಿಂದಲೂ. ಕಾಲಿಗೆ ಬೀಳುವವರು, ಫೋಟೋ ತೆಗೆಸಿಕೊಳ್ಳುವವರು. ಒಬ್ಬಳು ತನ್ನ ಎಳೆಗೂಸನ್ನು ಅತ್ತೆಯ ಮಡಿಲಲ್ಲಿ ಮಲಗಿಸಿ, ಇವನೂ ದೊಡ್ಡವನಾಗಿ ಅವರನ್ನು ಕೊಲ್ಲಲಿ ಎಂದು ಆಶೀರ್ವಾದ ಮಾಡಿ ಅಂದಳು. ಅತ್ತೆ ಮಗುವಿನ ಕಾಲು ಮುಟ್ಟಿ ನೋಡಿ, ಇದಕ್ಕೆ ಮೈ ಬಿಸಿ ಇದೆ, ಮೊದಲು ಆಸ್ಪತ್ರೆಗೆ ತಗೊಂಡೋಗು ಅಂದರು. ಆ ಮಾತನ್ನು ಯಾವ ಚಾನೆಲ್ಲೂ ತೋರಿಸಲಿಲ್ಲ.

ಮಾನಂದವಾಡಿಯಲ್ಲಿ ಸಾಹುಕಾರರ ಕಡೆಯವರು ದೊಡ್ಡ ಸಭೆ ಇಟ್ಟುಕೊಂಡರು. ಅತ್ತೆ ತಾವಾಗಿಯೇ ಬರುತ್ತೇನೆ ಅಂದರು. ಅಷ್ಟು ಕ್ಯಾಮೆರಾ ಇರುತ್ತವೆ, ಅಲ್ಲಿ ನಾನೇ ಹೇಳಿದರೆ ಎಲ್ಲ ಸರಿಹೋಗುತ್ತದೆ ಎನ್ನುವುದು ಅವರ ಯೋಚನೆ. ಹೇಳಬೇಕಾದದ್ದನ್ನು ಮಲಯಾಳದಲ್ಲಿ ನನ್ನ ಹತ್ತಿರ ಹೇಳಿಸಿಕೊಂಡು, ಜೀಪಿನಲ್ಲಿ ದಾರಿಯುದ್ದಕ್ಕೂ ಬಾಯಿಪಾಠ ಮಾಡಿದರು. ವೇದಿಕೆಯ ಮೇಲೆ ಶಾಲು ಹೊದಿಸಿದರು. ಸಾಹುಕಾರರೇ ಮೈಕು ಹಿಡಿದರು. ಅತ್ತೆ, ನಾನು ಯಾರನ್ನೂ ಕೊಲ್ಲಿ ಅಂತ ಹೇಳಿಲ್ಲ, ಎಲ್ಲರ ಮಕ್ಕಳೂ ಮನೆಗೆ ಹೋಗಲಿ ಅಂದದ್ದು ಎಂದು ಮಲಯಾಳದಲ್ಲಿ ಸರಿಯಾಗಿಯೇ ಶುರುಮಾಡಿದರು. ಅಲ್ಲಿಗೆ ನಿಲ್ಲಿಸಿದ್ದರೆ... ನಿಲ್ಲಿಸಲಿಲ್ಲ. ಮಗ ಹೇಳುತ್ತಿದ್ದ ಆ ಕೆಮ್ಮುವವನ ವಿಷಯ ತೆಗೆದರು. ಅವನಿಗೂ ಅಮ್ಮ ಇದ್ದಾಳು ಅಂದರು.

ಸಭೆಯ ಹಿಂದಿನಿಂದ ಯಾರೋ ಸಿಳ್ಳೆ ಹಾಕಿದರು. ಸಾಹುಕಾರರು ಮೈಕನ್ನು ತಮ್ಮ ಬಾಯಿಗೆ ತಿರುಗಿಸಿಕೊಂಡು, ದುಃಖದಲ್ಲಿ ಅಮ್ಮನಿಗೆ ಬುದ್ಧಿ ಸ್ಥಿಮಿತದಲ್ಲಿಲ್ಲ ಅಂದರು. ಕೆಳಗಿಳಿಯುವಾಗ ಅತ್ತೆಯ ಹೆಗಲ ಮೇಲಿದ್ದ ಶಾಲನ್ನು ಯಾರೋ ಎಳೆದುಕೊಂಡರು. ಬರುವಾಗ ಜೀಪು ಇರಲಿಲ್ಲ. ಬಸ್ಸಿನಲ್ಲಿ ಬಂದೆವು.

ಅವತ್ತು ಸಂಜೆ ಟೀವಿಯಲ್ಲಿ ಮತ್ತೆ ಅತ್ತೆ. ಈ ಸಲ ಕೆಮ್ಮುವವನ ಮಾತು ಮಾತ್ರ ಇತ್ತು, ಹಿಂದೆ ಮುಂದೆ ಇರಲಿಲ್ಲ. ಶತ್ರುವಿಗೆ ಮರುಗಿದ ತಾಯಿ ಅಂತ ಹೆಸರಿಟ್ಟಿದ್ದರು. ಅಷ್ಟಾದರೆ ತಡೆದುಕೊಳ್ಳಬಹುದಿತ್ತು. ಚರ್ಚೆಗೆ ಕೂತವರಲ್ಲಿ ಒಬ್ಬರು ಕೇಳಿದರು, ಆಚೆಯ ಸೈನಿಕನಿಗೆ ಕೆಮ್ಮು ಇರುವುದು ಈಚೆಯ ಸೈನಿಕನ ಮನೆಯವರಿಗೆ ಹೇಗೆ ಗೊತ್ತಾಯಿತು ಎಂದು. ಅದು ಸಾಕಾಯಿತು. ಸತ್ತ ಮಗನಿಗೆ ಶತ್ರುವಿನ ಜೊತೆ ಸಂಪರ್ಕವಿತ್ತೇ ಎಂದು ಅಣ್ಣನ ಸಮವಸ್ತ್ರದ ಫೋಟೋದ ಪಕ್ಕದಲ್ಲಿ ಬರೆದರು. ಕೊನೆಗೆ ಒಂದು ಪ್ರಶ್ನಾರ್ಥಕ ಚಿಹ್ನೆ. ಆ ಚಿಹ್ನೆ ಇದ್ದದ್ದರಿಂದ ಅವರು ಏನನ್ನೂ ಹೇಳಿದಂತಾಗಲಿಲ್ಲವಂತೆ. ಕೇಳಿದ್ದು ಮಾತ್ರವಂತೆ. ನಮ್ಮ ಊರಿನಲ್ಲಿ ಯಾರಿಗೂ ಆ ಚಿಹ್ನೆ ಕಾಣಿಸಲಿಲ್ಲ.

ಸಾಲುಗಟ್ಟಿ ಬಂದಿದ್ದ ಜನ ಒಮ್ಮೆಗೇ ನಿಂತುಹೋದರು. ಅತ್ತೆ ಬಂದರೆ ಪೀಡಿಯದಲ್ಲಿ, ಅಂದರೆ ನಮ್ಮ ಮೂಲೆಯ ದಿನಸಿ ಅಂಗಡಿಯಲ್ಲಿ, ಮಾತು ನಿಲ್ಲುತ್ತಿತ್ತು. ಬಸ್ ತಂಗುದಾಣಕ್ಕೆ ಅಣ್ಣನ ಹೆಸರಿಡುವುದೆಂದು ತೀರ್ಮಾನವಾಗಿ, ಹೆಸರಿನ ಅರ್ಧ ಬರೆದೂ ಆಗಿತ್ತು. ಆ ಅರ್ಧದ ಮೇಲೆ ಸುಣ್ಣ ಬಳಿದರು. ಅಧಿಕಾರಿಗಳಂತೆ ಕಂಡ ಇಬ್ಬರು ಬಂದು ಮಗ ಏನೇನು ಹೇಳುತ್ತಿದ್ದ ಎಂದು ಕೇಳಿ, ಅತ್ತೆಯ ಫೋನನ್ನು ತೆಗೆದುಕೊಂಡು ಹೋದರು. ಅದು ಮರಳಿ ಬರಲಿಲ್ಲ. ಇಳಿಸಿದ ಫ್ಲೆಕ್ಸನ್ನು ಮಾತ್ರ ಯಾರೂ ಬಿಸಾಡಲಿಲ್ಲ. ಗಟ್ಟಿ ಹಾಳೆ, ಸುಮ್ಮನೆ ಯಾಕೆ ಹಾಳುಮಾಡುವುದು. ಓಣಿಯ ತಿರುವಿನ ಮನೆಯವರು ಅದನ್ನು ಅಂಗಳದಲ್ಲಿ ಹಾಸಿ ಮೆಣಸು ಒಣಗಿಸಿದರು. ಮುಖ ಮೇಲೆ ಮಾಡಿಯೇ ಹಾಸಿದ್ದರು. ಹೆಂಗಸರು ಮೆಣಸನ್ನು ಕಾಲಿನಿಂದ ಸರಿಸುತ್ತಾ ಆ ಕಣ್ಣುಗಳ ಮೇಲೆ, ಆ ಬಾಯಿಯ ಮೇಲೆ ಓಡಾಡುತ್ತಿದ್ದರು. ಅತ್ತೆ ಬಸ್ಸಿಗೆ ಹೋಗುವ ದಾರಿ ಅದೊಂದೇ.

ತಮಗೆ ಆದದ್ದನ್ನು ಅತ್ತೆ ನುಂಗಿಕೊಂಡರು. ಮಗನ ಹೆಸರಿನ ಮೇಲೆ ಬಳಿದ ಸುಣ್ಣವನ್ನು ನುಂಗಲಾಗಲಿಲ್ಲ. ಊಟ ಬಿಟ್ಟರು. ಅಂಥ ಒಂದು ಮಧ್ಯಾಹ್ನ ಸಾಹುಕಾರರು ಬಂದರು. ನಾನೂ ಅಮ್ಮನೂ ಅಲ್ಲೇ ಇದ್ದೆವು. ಜಗಲಿಯಲ್ಲಿ ಕೂತು, ಅತ್ತೆ ಕೊಟ್ಟ ಹಾಲಿಲ್ಲದ ಚಹಾ ಕುಡಿದು, ಮೆತ್ತಗೆ ವಿಷಯ ತೆಗೆದರು. ಅತ್ತೆ ಇನ್ನೊಂದು ಸಲ ಕ್ಯಾಮೆರಾದ ಮುಂದೆ ಕೂತು, ಮೊದಲು ಹೇಳಿದ್ದೇ ನನ್ನ ಮಾತು, ಆಮೇಲಿನದು ತಲೆ ಕೆಟ್ಟು ಆಡಿದ್ದು, ಕೆಮ್ಮುವವನ ಕತೆ ನಾನೇ ಕಟ್ಟಿದ್ದು ಎಂದರೆ ಸಾಕು. ಮಗನ ಮೇಲಿನ ಮಾತು ಅಲ್ಲಿಗೆ ನಿಲ್ಲುತ್ತದೆ. ತಂಗುದಾಣದ ಹೆಸರು ಅವರ ಜವಾಬ್ದಾರಿ.

ಅತ್ತೆ ಕೇಳಿದರು, "ನಾನು ಅವತ್ತು ಹೇಳಿದ್ದೇನು ಅಂತ ನಿಮ್ಗೆ ಗೊತ್ತಿತ್ತಲ್ವಾ ಸಾವ್ಕಾರ್ರೇ?"

"ಗೊತ್ತಿತ್ತು ಅಕ್ಕಾ," ಅಂದರು ಅವರು. "ಆದ್ರೆ ಆ ಹೊತ್ನಲ್ಲಿ ಅದು ಯಾರಿಗೂ ಬೇಕಿರ್ಲಿಲ್ಲ."

ಲೋಟವನ್ನು ಅವರೇ ತೊಳೆದಿಟ್ಟು ಹೋದರು. ಅಮ್ಮ, ಬೇಡ ಅತ್ತಿಗೆ, ಹೇಳಬೇಡಿ ಅಂದಳು. ನಾನೂ ಅಂದೆ. ನಿನ್ನ ಮಗನ ಹೆಸರಾಗಿದ್ದರೆ ಏನು ಮಾಡುತ್ತಿದ್ದೆ ಎಂದು ಅತ್ತೆ ಅಮ್ಮನನ್ನು ಕೇಳಿದರು. ಅಮ್ಮ ಬೇಲಿ ದಾಟಿ ಮನೆಗೆ ಬಂದುಬಿಟ್ಟಳು.

ಅದೇ ವರದಿಗಾರ ಬಂದ. ಅತ್ತೆ ತಲೆ ಬಾಚಿ, ಒಗೆದ ಸೀರೆ ಉಟ್ಟು ಜಗಲಿಯ ಮೇಲೆ ಕೂತರು. ಈ ಸಲ ಅನುವಾದದ ತೊಂದರೆ ಇರಬಾರದೆಂದು ಮಲಯಾಳದಲ್ಲೇ ಹೇಳಿಸಿದರು. ಆಚೆಯ ನೆಲದಲ್ಲಿ ಒಬ್ಬರ ಮಕ್ಕಳೂ ಉಳಿಯಕೂಡದು. ಮೊದಲ ಸಲ ಮಾತು ತೊದಲಿತು, ಎರಡನೆಯ ಸಲ ಸರಿಯಾಗಿ ಬಂತು. ಇನ್ನೂ ಸ್ವಲ್ಪ ಗಟ್ಟಿಯಾಗಿ ಎಂದ ವರದಿಗಾರ. ಗಟ್ಟಿಯಾಗಿಯೇ ಹೇಳಿದರು. ಕೆಂಪು ದೀಪ ಆರಿದ ಮೇಲೆ ನನ್ನ ಕಡೆ ನೋಡಿ, ತಪ್ಪಿಲ್ಲದೆ ಹೇಳಿದೆನೇ ಎಂದು ಕೇಳಿದರು.

ಅದನ್ನು ಹೆಚ್ಚು ತೋರಿಸಲೇ ಇಲ್ಲ. ಆ ವಾರವೇ ಕದನ ವಿರಾಮವಾಯಿತು. ಸ್ಟುಡಿಯೋದ ನೆಲದಿಂದ ಟ್ಯಾಂಕುಗಳು ಮಾಯವಾದವು. ಕ್ರಿಕೆಟ್ ಬಂತು. ಅಣ್ಣನ ಮೇಲಿನ ಪ್ರಶ್ನೆಗೆ ಉತ್ತರವನ್ನೂ ಯಾರೂ ಹೇಳಲಿಲ್ಲ, ಆ ಪ್ರಶ್ನೆಯನ್ನು ಮತ್ತೆ ಕೇಳಲೂ ಇಲ್ಲ. ತಂಗುದಾಣದ ಮೇಲೆ ಹೆಸರು ಬಂತು. ಸಾಹುಕಾರರು ಚುನಾವಣೆ ಗೆದ್ದರು.

ಮಳೆಗಾಲ ಕಳೆದ ಮೇಲೆ ಇನ್ನೊಂದು ಚಾನೆಲ್ಲಿನಲ್ಲಿ, ಇದು ಯುದ್ಧ ಬೇಡ ಅನ್ನುವವರ ಚಾನೆಲ್ಲು, ಒಂದು ಕಾರ್ಯಕ್ರಮ ಬಂತು. ದ್ವೇಷ ಹೇಗೆ ಸಾಮಾನ್ಯ ಜನರ ಮನೆಯೊಳಗೂ ಹೊಕ್ಕಿದೆ ಎನ್ನುವುದರ ಬಗ್ಗೆ. ಅತ್ತೆ ಜಗಲಿಯ ಮೇಲೆ ಕೂತು ಗಟ್ಟಿಯಾಗಿ ಹೇಳಿದ್ದು ಆಗ ಪೂರ್ತಿಯಾಗಿ ಬಂತು. ಓದಿದವರು ನಾಲ್ಕು ಜನ ಸುತ್ತ ಕೂತು ಅದನ್ನು ನೋಡಿದರು. ಒಬ್ಬಾಕೆ, ಮಗನನ್ನು ಕಳೆದುಕೊಂಡರೂ ಈ ತಾಯಿಗೆ ಇನ್ನೊಬ್ಬ ತಾಯಿಯ ನೋವು ತಿಳಿಯಲಿಲ್ಲವಲ್ಲ ಎಂದು ನಿಜವಾಗಿಯೂ ಬೇಸರದಿಂದ ಹೇಳಿದರು. ನಾನು ಅತ್ತೆಯ ಪಕ್ಕದಲ್ಲೇ ಕೂತಿದ್ದೆ. ಟೀವಿ ಆರಿಸಲು ಎದ್ದೆ. ಇರಲಿ ಬಿಡು ಅಂದರು. ಮುಗಿಯುವವರೆಗೂ ನೋಡಿದರು. ಆಮೇಲೆ, ಚಿತೆಯ ಹತ್ತಿರವೂ ನಾನು ಹೀಗೇ ಹೇಳಿದ್ದೆನೇ ಎಂದು ಕೇಳಿದರು. ಇಲ್ಲ ಅತ್ತೆ, ನೀವು ಹೇಳಿದ್ದು ಇದಲ್ಲ ಎಂದು, ಅವರು ಆಡಿದ ಮಾತನ್ನು ಮೊದಲಿನಿಂದ ಕೊನೆಯವರೆಗೆ ಅವರ ದನಿಯಲ್ಲೇ ಆಡಿ ತೋರಿಸಿದೆ. ಬೇರೆ ಯಾರದೋ ಸಂಗತಿ ಕೇಳುವ ಹಾಗೆ ಕೇಳಿದರು.

"ನಿಂಗೆ ಸರ್ಯಾಗಿ ಕೇಳ್ಸಿಲ್ವೇನೋ ಕೂಸೇ. ಅವತ್ತು ಗಲಾಟೆ ಇತ್ತಲ್ಲ."

ಆ ಮೇಲೆ ನಾನು ಆ ವಿಷಯ ಎತ್ತಲಿಲ್ಲ. ಬಂದವರು ಯಾರಾದರೂ ಕೇಳಿದರೆ ಅತ್ತೆ ಮಲಯಾಳದ ಆ ವಾಕ್ಯವನ್ನು ಒಪ್ಪಿಸುತ್ತಿದ್ದರು. ಕೇಳದಿದ್ದರೂ ಕೆಲವೊಮ್ಮೆ ಒಪ್ಪಿಸುತ್ತಿದ್ದರು, ಅಂಗಳ ಗುಡಿಸುತ್ತಾ, ಸೌದೆ ಒಡೆಯುತ್ತಾ... ನಮ್ಮ ಕೋಳಿಗಳು ಅವರ ಮೆಣಸು ಕೆದರಿದರೂ ಬೈಯಲು ಬರುತ್ತಿರಲಿಲ್ಲ. ಮುಂದಿನ ಮಳೆಗಾಲದಲ್ಲಿ ಜ್ವರ ಬಂದು ಮಲಗಿದವರು ಏಳಲಿಲ್ಲ. ಅಮ್ಮನೂ ನಾನೂ ಮೈ ತೊಳೆಸಿದೆವು. ಯಾವ ವ್ಯಾನೂ ಬರಲಿಲ್ಲ. ಸಾಹುಕಾರರು ಒಂದು ಹಾರ ತಂದು ಹಾಕಿ, ಮಳೆ ಹೆಚ್ಚಾಗುವ ಮೊದಲು ಮುಗಿಸಿ ಅಂದು ಹೋದರು.

ಇದೆಲ್ಲ ಆಗಿ ವರ್ಷಗಳಾದವು. ಆ ತೋಟ ಅವರ ನಾದಿನಿಯ ಮಕ್ಕಳ ಪಾಲಾಯಿತು. ನಾನು ಮದುವೆಯಾಗಿ ಇಲ್ಲಿಗೆ ಬಂದೆ. ಈಗ ಮತ್ತೆ ಕಾಳಗ ಶುರುವಾದ ಮೇಲೆ, ನನ್ನ ಗಂಡನ ಮನೆಯವರ ವಾಟ್ಸಾಪ್ ಗುಂಪಿನಲ್ಲಿ ನಿನ್ನೆ ಯಾರೋ ಒಂದು ವಿಡಿಯೋ ಹಾಕಿದರು. ಹೊಸ ಸಂಗೀತ, ಹೊಸ ಬಾವುಟ, ಹಿಂದೆ ಹೊಗೆ. ಅತ್ತೆ. ನಿನ್ನೆ ಮೊನ್ನೆ ಆದದ್ದು ಎನ್ನುವ ಹಾಗೆ. ಈ ತಾಯಿ ತೀರಿಕೊಂಡು ಎಷ್ಟೋ ವರ್ಷವಾಯಿತು, ನಾನು ಪಕ್ಕದಲ್ಲೇ ಇದ್ದೆ, ಅವರು ಹೇಳಿದ್ದು ಹೀಗಲ್ಲ ಎಂದು ಬರೆದೆ. ಒಬ್ಬರು ಕೈ ಮುಗಿದ ಚಿತ್ರ ಹಾಕಿದರು. ಇನ್ನೊಬ್ಬರು ಅದೇ ವಿಡಿಯೋವನ್ನು ಮತ್ತೊಮ್ಮೆ ಹಾಕಿದರು.

ಅಳಿಸಿಹಾಕೋಣವೆಂದು ಫೋನು ಎತ್ತಿಕೊಂಡೆ, ಆಗಲಿಲ್ಲ. ಅತ್ತೆಯ ದನಿ ಕೇಳಬೇಕು ಅನ್ನಿಸಿದರೆ ಈ ಲೋಕದಲ್ಲಿ ಇರುವುದು ಇದೊಂದೇ. ಒಬ್ಬಳೇ ಇದ್ದಾಗ ಸಂಗೀತದ ನಡುವೆ ಕಿವಿಗೊಟ್ಟು ಕೇಳಿದೆ. ಕಣಪ್ಪ ಎನ್ನುವಲ್ಲಿ ಗಂಟಲು ಸ್ವಲ್ಪ ಒಡೆಯುತ್ತದೆ. ಅದಾದ ಮೇಲೆ, ಮುಂದಿನ ಮಾತಿಗೆಂದು ಅವರು ಉಸಿರು ಎಳೆದುಕೊಳ್ಳುವುದೂ ಕೇಳಿಸುತ್ತದೆ. ಅಲ್ಲಿಗೆ ಕತ್ತರಿಸಿದ್ದಾರೆ.